ಹದಿನಾಲ್ಕು ಗೆಲುವು, ನೂರೆಂಟು ‘ಬೇಡ’

ಹುಡುಗರೆಲ್ಲ ಮೈದಾನದ ಹುಲ್ಲಿನ ಮೇಲೆ ಅಂಗಾತ ಮಲಗಬೇಕು. ಪಕ್ಕದವನತ್ತ ಹೊರಳಿ, ‘ಇವತ್ತು ಎಂಥಾ ಒಳ್ಳೇ ದಿನ, ಅಲ್ವೇನೋ?’ ಅನ್ನಬೇಕು. ಕಸರತ್ತು ಮುಗೀತು, ಏಳಿ!

ಅಮೆರಿಕದ ಮಿನೆಸೋಟಾ ರಾಜ್ಯದ ಕಾಲೇಜ್‌ವಿಲ್‌ನಲ್ಲಿ, ಬೆನೆಡಿಕ್ಟಿನ್ ಸನ್ಯಾಸಿಗಳ ಮಠದ ಮಗ್ಗುಲಿಗೇ ಇರುವ ಸೇಂಟ್ ಜಾನ್ಸ್ ಎಂಬ ಪುಟ್ಟ ಕಾಲೇಜಿನ ಫುಟ್‌ಬಾಲ್ ತಾಲೀಮಿನಲ್ಲಿ ಇದೂ ಒಂದು ಪಾಠವಾಗಿತ್ತು. ಆಟದ ಹೆಸರಲ್ಲಿ ವಿದ್ಯಾರ್ಥಿವೇತನ ಕೊಡುವಂತಿಲ್ಲದ ಮೂರನೇ ವಿಭಾಗದ ಕಾಲೇಜುಗಳ ಸಾಲಿನ ತಂಡ ಅದು. 2003ರಲ್ಲಿ 14 ಪಂದ್ಯ ಆಡಿತು, ಹದಿನಾಲ್ಕನ್ನೂ ಗೆದ್ದಿತು.

ಈ ಫುಟ್‌ಬಾಲ್ ನಾವು ಕಾಲಲ್ಲಿ ಒದೆಯುವ ಆಟವಲ್ಲ. ತಲೆಗೆ ಹೆಲ್ಮೆಟ್, ಭುಜಕ್ಕೆ ಕವಚ. ಮೊಟ್ಟೆಯಾಕಾರದ ಚೆಂಡು ಅವುಚಿಕೊಂಡು ಓಡುವವನನ್ನು ಎದುರಾಳಿ ಮೇಲೆರಗಿ ನೆಲಕ್ಕೆ ಕೆಡವಬೇಕು. ಹಾಗೆ ಕೆಡವುವುದೇ ಟ್ಯಾಕಲ್. ಅದೇ ಈ ಆಟದ ಜೀವ.

ತಾಲೀಮಿನಲ್ಲಿ ಅದೇ ಬೇಡ ಎಂದವರು ಕೋಚ್ ಜಾನ್ ಗಲಾರ್ಡಿ. ಸೀಟಿ ಬೇಡ. ಒಂದೂವರೆ ಗಂಟೆ ಮೀರಿ ತಾಲೀಮು ಬೇಡ. ಭಾರ ಎತ್ತಲೇಬೇಕೆಂಬ ಕಟ್ಟಳೆ ಬೇಡ. ಆಡುತ್ತೇನೆಂದು ಬಂದ ಹುಡುಗನನ್ನು ವಾಪಸ್ ಕಳಿಸುವುದು ಬೇಡ. ನನ್ನನ್ನು ಕೋಚ್ ಅನ್ನುವುದೂ ಬೇಡ, ಜಾನ್ ಅಂದರೆ ಸಾಕು.

ಈ ಪಟ್ಟಿ ಹುಟ್ಟಿದ್ದು 1943ರಲ್ಲಿ, ಕೊಲರಾಡೋದ ಟ್ರಿನಿಡಾಡ್ ಎಂಬ ಊರಿನಲ್ಲಿ. ಶಾಲೆಯ ಕೋಚ್ ಯುದ್ಧಕ್ಕೆ ಹೋದರು. 16ರ ಗಲಾರ್ಡಿ ತಂಡ ವಹಿಸಿಕೊಂಡ. ಹುಡುಗನಾಗಿ ತಾನು ದ್ವೇಷಿಸುತ್ತಿದ್ದ ಕಸರತ್ತುಗಳನ್ನೆಲ್ಲ ಕಿತ್ತುಹಾಕಿದ, ಬಾಯಾರಿದವರಿಗೆ ನೀರು ಕುಡಿಯಲು ಬಿಟ್ಟ. ತಂಡ ಗೆಲ್ಲತೊಡಗಿತು.

ಇದನ್ನು ಸಡಿಲು ಶಿಸ್ತು ಎಂದುಕೊಂಡರೆ ಕೆಟ್ಟೆವು. ಅಷ್ಟೂ ‘ಬೇಡ’ಗಳ ಹಿಂದೆ ಒಂದು ಕಟ್ಟುನಿಟ್ಟಾದ ‘ಬೇಕು’ ಇತ್ತು: ಯಾರ ಹೆಜ್ಜೆಯೂ ತಪ್ಪಬಾರದು. ಉಳಿಸಿದ ಹೊತ್ತೆಲ್ಲ ಅದೇ ನಡೆಯನ್ನು ಮತ್ತೆ ಮತ್ತೆ ತಿದ್ದಿ ತೀಡುವುದಕ್ಕೆ. ಉಳಿಸಿದ ಮೈಯೆಲ್ಲ ಶನಿವಾರದ ಪಂದ್ಯಕ್ಕೆ.

2003ರ ನವೆಂಬರ್ 8ರಂದು ಬೆತೆಲ್ ತಂಡವನ್ನು 29–26ರಿಂದ ಮಣಿಸಿದಾಗ ಗಲಾರ್ಡಿಯವರಿಗೆ 409ನೇ ಗೆಲುವು. ಗ್ರ್ಯಾಂಬ್ಲಿಂಗ್ ವಿಶ್ವವಿದ್ಯಾಲಯದ ದಂತಕಥೆಯಾದ ಕೋಚ್ ಎಡ್ಡಿ ರಾಬಿನ್ಸನ್ ಅವರ 408ರ ದಾಖಲೆಯನ್ನು 77ರ ವಯಸ್ಸಿನಲ್ಲಿ ದಾಟಿದರು.

ಡಿಸೆಂಬರ್ 20ರಂದು ವರ್ಜೀನಿಯಾದ ಸೇಲಂನಲ್ಲಿ ಸ್ಟ್ಯಾಗ್ ಬೌಲ್, ಅಂದರೆ ಮೂರನೇ ವಿಭಾಗದ ರಾಷ್ಟ್ರೀಯ ಫೈನಲ್. ಎದುರಿಗೆ ಓಹಾಯೋದ ಮೌಂಟ್ ಯೂನಿಯನ್, ಸತತ 55 ಪಂದ್ಯ ಗೆದ್ದು ಬಂದ ತಂಡ. 2000ದ ಫೈನಲ್‌ನಲ್ಲಿ ಇದೇ ತಂಡ ಸೇಂಟ್ ಜಾನ್ಸನ್ನು 10–7ರಿಂದ ಸೋಲಿಸಿತ್ತು. ಈ ಸಲ ಸೇಂಟ್ ಜಾನ್ಸ್ 24, ಮೌಂಟ್ ಯೂನಿಯನ್ 6. ಅಂಕದ ಗೆರೆಯ ಬಾಯಲ್ಲಿ ಎದುರಾಳಿಯ ಪಾಸ್ ಕಸಿದ ಸೇಂಟ್ ಜಾನ್ಸ್ ಹುಡುಗನೊಬ್ಬ ಮೈದಾನದ ಉದ್ದಕ್ಕೂ 100 ಗಜ ಓಡಿಬಿಟ್ಟ.

ಜನ ಆ ಓಟವನ್ನು ನೆನೆಯುತ್ತಾರೆ. ನನಗೆ ಈ ಪಂದ್ಯದ ರುಚಿ ಹತ್ತುವುದು 24ರಲ್ಲಲ್ಲ, ಆ 6ರಲ್ಲಿ. ತಾಲೀಮಿನಲ್ಲಿ ಒಬ್ಬನನ್ನೂ ಕೆಡವದ ಹುಡುಗರು, ವರ್ಷಗಟ್ಟಲೆ ಯಾರೂ ತಡೆಯಲಾಗದವರನ್ನು ಒಂದಿಡೀ ಪಂದ್ಯ ಕೆಡವುತ್ತಲೇ ಇದ್ದರು.

ತಲೆಪೆಟ್ಟಿನ ಭಯಕ್ಕೆ ಐವಿ ಲೀಗ್‌ನ ಎಂಟು ಪ್ರತಿಷ್ಠಿತ ವಿಶ್ವವಿದ್ಯಾಲಯಗಳ ಕೋಚ್‌ಗಳು ಋತುವಿನ ತಾಲೀಮಿನಿಂದ ಟ್ಯಾಕಲ್ ತೆಗೆಯಲು ಒಪ್ಪಿದ್ದು 2016ರಲ್ಲಿ. ಗಲಾರ್ಡಿ 489 ಗೆಲುವು ಜೇಬಿಗಿಳಿಸಿ ಮನೆಗೆ ಹೋಗಿ ಆಗಲೇ ಮೂರು ವರ್ಷ ದಾಟಿತ್ತು.