ಹುಟ್ಟಿದ ದಿನದ ಶುಕ್ರಿಯಾ ಮತ್ತು ನಮ್ಮ ಬಂಡಾಯ

ಈಚೆಗೆ ನಮ್ಮ ಒಂದು ಕವಿಗೋಷ್ಠಿಯಲ್ಲಿ ಸಣ್ಣ ಜಗಳ ಆಯಿತು. ಹಾಸ್ಟೆಲಿನಲ್ಲಿ ನನ್ನ ಜೊತೆಗಿದ್ದ ಮುಸ್ಲಿಂ ಗೆಳೆಯನೊಬ್ಬ ತನ್ನ ಹುಟ್ಟಿದ ದಿನದ ಬಗ್ಗೆ ಕವಿತೆ ಓದಿದ. ಅವತ್ತು ಅವನು ಕೇಕು ಕತ್ತರಿಸುವುದಿಲ್ಲ, ಉಪವಾಸ ಇರುತ್ತಾನೆ. ಬೆಳಗಿನ ನಮಾಜು ಮುಗಿಸಿ ಬಂದು, ಬೀಡಿ ಕಟ್ಟುತ್ತ ಕೂತ ಅಮ್ಮಿಯ ಹೊಗೆಸೊಪ್ಪಿನ ವಾಸನೆಯ ಬೆರಳು ಹಿಡಿದುಕೊಂಡು, ಇನ್ನೊಂದು ವರ್ಷ ಕೊಟ್ಟೆಯಲ್ಲ ಎಂದು ಅಲ್ಲಾಹನಿಗೆ ಶುಕ್ರಿಯಾ ಹೇಳುತ್ತಾನೆ. ಕವಿತೆ ಅಷ್ಟೆ. ಓದಿ ಮುಗಿಸುವುದೇ ತಡ, ನಮ್ಮ ಸಂಗಾತಿಯೊಬ್ಬರು ಎದ್ದು ನಿಂತು, "ಇದು ಪ್ರಾರ್ಥನೆ ಕಣಯ್ಯ, ಇದ್ರಲ್ಲಿ ಬಂಡಾಯ ಎಲ್ಲೈತೆ?" ಅಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ. ಆ ನಗುವಿನ ತಪ್ಪೊಪ್ಪಿಗೆಯಾಗಿ ಇದನ್ನು ಬರೆಯುತ್ತಿದ್ದೇನೆ.

ನಾವು ಯಾಕೆ ನಕ್ಕೆವು ಎಂಬುದನ್ನು ಮೊದಲು ನೋಡಬೇಕು. ನನ್ನ ಹುಟ್ಟಿದ ದಿನ ದಾಖಲೆ ಪ್ರಕಾರ ಜೂನ್ 1. ತಾರೀಕು ಗೊತ್ತಿಲ್ಲದ ಮಕ್ಕಳಿಗೆ ಹಳ್ಳಿ ಶಾಲೆಯ ಮೇಷ್ಟ್ರುಗಳು ಬರೆದುಕೊಳ್ಳುತ್ತಿದ್ದ ತಾರೀಕು ಅದು. ನಮ್ಮ ಕೇರಿಯ ಎಷ್ಟೋ ಮಕ್ಕಳು ಹೀಗೆ ಒಂದೇ ದಿನ ಹುಟ್ಟಿದವರು! ಅವ್ವನನ್ನು ಕೇಳಿದರೆ, "ರಾಗಿ ಕುಯ್ಲು ನಡೀತಿತ್ತು ಕಣೋ, ಹೊಟ್ಟೆನೋವು ಅಂತ ಹೊಲದಿಂದ ಎದ್ದು ಬಂದೆ, ಹೊತ್ತು ಮುಳುಗೋಕೆ ಮುಂಚೆ ನೀನು ಹುಟ್ದೆ" ಅನ್ನುತ್ತಾಳೆ. ಅರ್ಧ ದಿನದ ಕೂಲಿಯನ್ನು ಧಣಿ ಹಿಡಿದುಕೊಂಡನಂತೆ. ಇಂಥ ಹುಟ್ಟಿಗೆ ಯಾರಿಗೆ ಕೃತಜ್ಞತೆ ಹೇಳೋದು?

ನಮ್ಮ ಜನಕ್ಕೆ ಹುಟ್ಟು ಅಂದರೆ ಒಂದು ಆರೋಪ. ಹಿಂದಿನ ಜನ್ಮದಲ್ಲಿ ಪಾಪ ಮಾಡಿದ್ದೀರಿ, ಅದಕ್ಕೇ ಈ ಕೇರಿಯಲ್ಲಿ ಹುಟ್ಟಿದಿರಿ ಎಂದು ಕರ್ಮಸಿದ್ಧಾಂತ ನಮಗೆ ಹೇಳಿಕೊಂಡು ಬಂದಿದೆ. ಹೈದರಾಬಾದ್ ವಿಶ್ವವಿದ್ಯಾಲಯದ ರೋಹಿತ್ ವೇಮುಲ 2016ರ ಜನವರಿ 17ರಂದು ಪ್ರಾಣ ಬಿಟ್ಟಾಗ ಅವನ ಇಪ್ಪತ್ತೇಳನೆಯ ಹುಟ್ಟುಹಬ್ಬಕ್ಕೆ ಇನ್ನು ಹದಿಮೂರು ದಿನ ಇತ್ತು. ಕೊನೆಯ ಪತ್ರದಲ್ಲಿ ಅವನು ತನ್ನ ಹುಟ್ಟನ್ನೇ ಒಂದು ಅಪಘಾತವಾಗಿ ಕಂಡ. 1975ರಲ್ಲಿ ಸಿದ್ಧಲಿಂಗಯ್ಯನವರ 'ಹೊಲೆಮಾದಿಗರ ಹಾಡು' ಬಂದ ಮೇಲೆ ನಮ್ಮ ಕಾವ್ಯ ಸಿಟ್ಟನ್ನು ಕಲಿಯಿತು. ಸರಿಯಾಗೇ ಕಲಿಯಿತು. ಆದರೆ ಆ ಸಿಟ್ಟು ನಮ್ಮ ತಲೆಮಾರಿನ ಕೈಗೆ ಬರುವ ಹೊತ್ತಿಗೆ ಒಂದು ಅಭ್ಯಾಸವಾಗಿದೆ. ಹುಟ್ಟನ್ನು ಶಪಿಸಿದರೆ ಬಂಡಾಯ, ಹರಸಿದರೆ ಶರಣಾಗತಿ ಎಂದು ಲೆಕ್ಕ ಹಾಕಿ ಕೂತಿದ್ದೇವೆ. ಗೆಳೆಯನ ಕವಿತೆ ಈ ಲೆಕ್ಕವನ್ನು ಕೆಡಿಸಿತು.

ಅವನ ಶುಕ್ರಿಯಾ ಎಲ್ಲಿಂದ ಬಂತು? ಇಸ್ಲಾಮಿನಲ್ಲಿ ಹಿಂದಿನ ಜನ್ಮ ಎಂಬುದಿಲ್ಲ. ಪ್ರತಿ ಮಗುವೂ ಶುದ್ಧ ಸ್ವಭಾವದಲ್ಲೇ ಹುಟ್ಟುತ್ತದೆ ಎಂದು ಹದೀಸ್ ಹೇಳುತ್ತದೆ. ತೊಟ್ಟಿಲಲ್ಲಿ ಮಲಗಿದ ಕೂಸಿನ ಮೇಲೆ ಹಳೆಯ ಬಾಕಿ ಇಲ್ಲ. ಮನುಷ್ಯರನ್ನೆಲ್ಲ ಒಂದು ಗಂಡು ಒಂದು ಹೆಣ್ಣಿನಿಂದ ಸೃಷ್ಟಿಸಿದ್ದು, ಕುಲಗಳಾಗಿ ಮಾಡಿದ್ದು ಪರಸ್ಪರ ಗುರುತಿಸಲಿಕ್ಕೆ, ದೊಡ್ಡತನ ಇರುವುದು ನಡತೆಯಲ್ಲಿ ಎಂಬ ಮಾತು ಕುರಾನಿನ 49ನೆಯ ಅಧ್ಯಾಯದಲ್ಲಿದೆ. ಹುಟ್ಟು ಶಿಕ್ಷೆ ಎಂದು ಹೇಳುವ ನಾಡಿನಲ್ಲಿ ಹುಟ್ಟು ಕೊಡುಗೆ ಎಂದು ಒಬ್ಬ ಬೀಡಿ ಕಾರ್ಮಿಕಳ ಮಗ ಹೇಳುವುದು ಸಣ್ಣ ಮಾತೇನ್ರಿ?

ಉಪವಾಸದ್ದೂ ಒಂದು ಕತೆ ಇದೆ. ಪ್ರವಾದಿಯವರು ಸೋಮವಾರ ಉಪವಾಸ ಇರುತ್ತಿದ್ದರು. ಯಾಕೆ ಎಂದು ಕೇಳಿದಾಗ, ತಾವು ಹುಟ್ಟಿದ ದಿನ ಅದು, ತಮಗೆ ದೇವವಾಣಿ ಬಂದದ್ದೂ ಅವತ್ತೇ ಎಂಬ ಅರ್ಥದ ಉತ್ತರ ಕೊಟ್ಟರೆಂದು ಸಹೀಹ್ ಮುಸ್ಲಿಂ ಸಂಗ್ರಹದಲ್ಲಿದೆ. ಅದು ವಾರವಾರದ ಉಪವಾಸ, ವರ್ಷಕ್ಕೊಮ್ಮೆಯ ಹುಟ್ಟುಹಬ್ಬಕ್ಕೆ ಆಧಾರವಾಗದು ಎನ್ನುವ ಉಲೇಮಾಗಳಿದ್ದಾರೆ. ಮೀಲಾದ್ ಆಚರಣೆಯನ್ನೇ ಒಪ್ಪದವರೂ ಇದ್ದಾರೆ. ಹದಿನೈದನೆಯ ಶತಮಾನದಲ್ಲಿ ಈಜಿಪ್ಟಿನ ವಿದ್ವಾಂಸ ಇಬ್ನ್ ಹಜರ್ ಮೀಲಾದಿನ ಪರವಾಗಿ ಕೊಟ್ಟ ವಾದ ನನಗೆ ಮುಖ್ಯ ಅನ್ನಿಸಿತು. ಅವರು ಆಶೂರಾ ಉಪವಾಸವನ್ನು ಆಧಾರವಾಗಿ ಹಿಡಿದರು. ಈಜಿಪ್ಟಿನ ದೊರೆ ಫಿರ್‌ಔನನ ಹಿಡಿತದಿಂದ ಮೂಸಾ ಮತ್ತು ಅವರ ಜನ ಬಿಡುಗಡೆಯಾದ ದಿನವೆಂದು ಮದೀನಾದ ಯಹೂದಿಗಳು ಅವತ್ತು ಉಪವಾಸ ಇರುತ್ತಿದ್ದರು; ಪ್ರವಾದಿಯವರೂ ಅದನ್ನು ಪಾಲಿಸಿದರು. ಒಳಿತು ಸಿಕ್ಕ ದಿನ ಮರಳಿ ಬಂದಾಗ ಶುಕ್ರಿಯಾ ಹೇಳುವುದು ಸರಿ ಎಂಬುದು ವಾದ.

ಗಮನಿಸಿ ಗೆಳೆಯರೆ, ಈ ಕೃತಜ್ಞತೆಯ ಬೇರಿನಲ್ಲಿ ಜೀತದ ಬಿಡುಗಡೆ ಇದೆ. ನಾವು ಅದನ್ನು ನೋಡದೆ ನಕ್ಕೆವು.

ಅಮ್ಮಿಯ ಬೆರಳೂ ಕವಿತೆಗೆ ಸುಮ್ಮನೆ ಬಂದದ್ದಲ್ಲ. ಕುರಾನಿನ 46ನೆಯ ಅಧ್ಯಾಯದಲ್ಲಿ ನಲವತ್ತು ತುಂಬಿದ ಮನುಷ್ಯನೊಬ್ಬನ ಪ್ರಾರ್ಥನೆ ಬರುತ್ತದೆ. ಅದಕ್ಕೆ ಮುಂಚೆ ತಾಯಿ ಕಷ್ಟಪಟ್ಟು ಹೊತ್ತದ್ದು, ಕಷ್ಟಪಟ್ಟು ಹೆತ್ತದ್ದು, ಹೊತ್ತು ಹಾಲುಬಿಡಿಸಿದ ಮೂವತ್ತು ತಿಂಗಳು, ಎಲ್ಲದರ ಲೆಕ್ಕ ಇದೆ. ಆಮೇಲೆಯೇ ಆ ಮನುಷ್ಯ ಕೃತಜ್ಞನಾಗಿರುವ ಶಕ್ತಿ ಕೊಡು ಎಂದು ಕೇಳುತ್ತಾನೆ. ತಾಯಿಯ ದುಡಿಮೆಯನ್ನು ಎಣಿಸದೆ ವಯಸ್ಸನ್ನು ಎಣಿಸುವಂತಿಲ್ಲ. ರಾಗಿ ಹೊಲದಿಂದ ಎದ್ದು ಬಂದ ನನ್ನ ಅವ್ವನ ಬಗ್ಗೆ ನಾನು ಇದುವರೆಗೆ ಒಂದು ಸಾಲೂ ಬರೆದಿಲ್ಲ. ಧಣಿಯ ಮೇಲೆ ನಾಲ್ಕು ಕವಿತೆ ಬರೆದಿದ್ದೇನೆ.

ಹಾಗಂತ ಶುಕ್ರಿಯಾ ಎಂದದ್ದೆಲ್ಲ ಒಳ್ಳೆಯದು ಎಂದು ನಾನು ಹೇಳುತ್ತಿಲ್ಲ. ನಮ್ಮ ಅಪ್ಪಂದಿರಿಗೆ ಉಪಕಾರ ಸ್ಮರಣೆಯ ಹೆಸರಿನಲ್ಲೇ ಜೀತ ಮಾಡಿಸಿದರು. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಮಾತಾಡುತ್ತ ಬಾಬಾಸಾಹೇಬರು ಐರಿಷ್ ನಾಯಕ ಡೇನಿಯಲ್ ಓಕಾನೆಲ್‌ನ ಮಾತನ್ನು ನೆನೆದರು: ಕೃತಜ್ಞತೆಗೂ ಒಂದು ಗಡಿ ಇದೆ, ಮಾನವನ್ನು ಬಿಟ್ಟುಕೊಟ್ಟು ಯಾರೂ ಕೃತಜ್ಞರಾಗಬಾರದು, ಸ್ವಾತಂತ್ರ್ಯವನ್ನು ಬಿಟ್ಟುಕೊಟ್ಟು ಯಾವ ದೇಶವೂ ಆಗಬಾರದು ಎಂಬುದು ಅದರ ತಿರುಳು. ಈ ಅಳತೆಗೋಲು ಇಟ್ಟುಕೊಂಡು ಗೆಳೆಯನ ಕವಿತೆ ನೋಡಿದರೆ ಅದರ ಗಟ್ಟಿತನವೂ ಕಾಣುತ್ತದೆ, ಕೊರತೆಯೂ ಕಾಣುತ್ತದೆ.

ಗಟ್ಟಿತನ ಏನೆಂದರೆ, ಅವನು ಯಾವ ಧಣಿಗೂ ಶುಕ್ರಿಯಾ ಹೇಳಲಿಲ್ಲ. ಪ್ರಾಣ ಕೊಟ್ಟವನಿಗೆ ಹೇಳಿದ, ಹೆತ್ತವಳ ಕೈ ಹಿಡಿದ. ನಡುವೆ ಯಾರಿಗೂ ಜಾಗ ಕೊಡಲಿಲ್ಲ. ಕೊರತೆ ಇರುವುದು ಅವನು ನಿಂತ ಜಾಗದಲ್ಲಿ. ಅಮ್ಮಿ ಕಟ್ಟಿದ ಬೀಡಿಯಲ್ಲಿ ಒಂದಷ್ಟನ್ನು ಸರಿಯಿಲ್ಲ ಎಂದು ಎತ್ತಿಹಾಕಿ ಕೂಲಿ ಮುರಿದುಕೊಳ್ಳುವ ಕಂಟ್ರಾಕ್ಟರ್ ಬಗ್ಗೆ ಹಾಸ್ಟೆಲಿನಲ್ಲಿ ಅವನೇ ನನಗೆ ಹೇಳಿದ್ದ. ಕವಿತೆಯಲ್ಲಿ ಆ ಮನುಷ್ಯ ಇಲ್ಲ. ಕುರಾನಿನಲ್ಲಿದ್ದಾನೆ. ತಾನು ಪಡೆಯುವಾಗ ಪೂರಾ ಅಳೆದುಕೊಂಡು, ಕೊಡುವಾಗ ಕಡಿಮೆ ಅಳೆಯುವವನ ಮೇಲೆ ಸಿಟ್ಟಿನಿಂದಲೇ 83ನೆಯ ಅಧ್ಯಾಯ ಶುರುವಾಗುತ್ತದೆ. ನಂಬಿದ ಗ್ರಂಥ ಹೋದಷ್ಟು ದೂರ ಕವಿತೆ ಹೋಗಲಿಲ್ಲ. ಕವಿತೆಯಲ್ಲಿ ದೇವರಿದ್ದಾನೆಂದು ನಾವು ಆಕ್ಷೇಪಿಸಿದೆವು. ಕೇಳಬೇಕಾಗಿದ್ದ ಪ್ರಶ್ನೆ ಇದು.

ಇನ್ನೊಂದು ಪ್ರಶ್ನೆಯೂ ಉಂಟು. ತೊಟ್ಟಿಲಲ್ಲಿ ಸಮಾನವಾದ ಕೂಸುಗಳು ಬೀದಿಗೆ ಬಂದ ಮೇಲೆ ಸಮಾನವಾಗಿವೆಯೆ? 1901ರ ಜನಗಣತಿಯಲ್ಲಿ ಬಂಗಾಳದ ಮುಸ್ಲಿಮರನ್ನು ಅಶ್ರಫ್, ಅಜ್ಲಫ್, ಅರ್ಜಲ್ ಎಂದು ವಿಂಗಡಿಸಿ ಬರೆದದ್ದನ್ನು ಅಂಬೇಡ್ಕರ್ ಪಾಕಿಸ್ತಾನದ ಕುರಿತ ತಮ್ಮ ಪುಸ್ತಕದಲ್ಲಿ ಎತ್ತಿ ತೋರಿಸಿದರು. 1950ರ ರಾಷ್ಟ್ರಪತಿ ಆದೇಶ ಪರಿಶಿಷ್ಟ ಜಾತಿಯನ್ನು ಹಿಂದೂಗಳಿಗೆ ಸೀಮಿತ ಮಾಡಿತು. 1956ರಲ್ಲಿ ಸಿಖ್ಖರು, 1990ರಲ್ಲಿ ಬೌದ್ಧರು ಸೇರಿದರು. ದಲಿತ ಮುಸ್ಲಿಮರು, ದಲಿತ ಕ್ರೈಸ್ತರು ಹೊರಗೇ ಉಳಿದರು. ಹುಟ್ಟಿಗೆ ಶುಕ್ರಿಯಾ ಹೇಳುವ ಕವಿ ತನ್ನ ಮನೆಯೊಳಗಿನ ಈ ಮೇಲುಕೀಳನ್ನೂ ಮಾತಾಡಬೇಕಾಗುತ್ತದೆ. ನಾವೂ ಅವನ ಜೊತೆ ನಿಂತು ಮಾತಾಡಬೇಕಾಗುತ್ತದೆ.

ಈ ಪತ್ರಿಕೆ ಓದುವ ಹಳ್ಳಿ ಮೇಷ್ಟ್ರುಗಳಿಗೆ ಒಂದು ಮಾತು. ತಾರೀಕು ಗೊತ್ತಿಲ್ಲದ ಮಗು ಇವತ್ತೂ ನಿಮ್ಮ ಮುಂದೆ ಬಂದು ನಿಂತರೆ, ಅದರ ಅವ್ವನನ್ನು ಕೂರಿಸಿಕೊಂಡು ಕೇಳಿ. ಯಾವ ಬೆಳೆ ಹೊಲದಲ್ಲಿತ್ತು, ಯಾವ ಹಬ್ಬ ಹತ್ತಿರ ಇತ್ತು, ಉರುಸ್ ಆಗಿತ್ತೆ, ಜಾತ್ರೆ ಆಗಿತ್ತೆ ಅಂತ ಕೇಳಿ. ಅವಳಿಗೆ ಎಲ್ಲ ಗೊತ್ತಿರುತ್ತದೆ.

ಗೆಳೆಯನಿಗೆ ನಾನು ಹೇಳಿದ್ದು ಇಷ್ಟು: "ನಿನ್ನ ಶುಕ್ರಿಯಾ ಅಳಿಸಬೇಡ ಕಣೋ. ಅದರ ಕೆಳಗೆ ಆ ಕಂಟ್ರಾಕ್ಟರ್‌ನ ಲೆಕ್ಕ ಬರಿ." ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ನೀನು ನಿಮ್ಮವ್ವಂದು ಯಾವಾಗ ಬರೀತೀಯ?" ಅಂದ. ರಾಗಿ ಕುಯ್ಲು ಬರಲಿ ಅಂದೆ.