ಗಡಿಯಲ್ಲಿ ತಡವರಿಸುವ ‘ಆತಂಕ’

ಪ್ರತಿ ವರ್ಷ ಅಕ್ಟೋಬರ್ 10 ಬಂತೆಂದರೆ ಕನ್ನಡ ಪತ್ರಿಕೆಗಳ ಆರೋಗ್ಯ ಪುಟದಲ್ಲಿ ‘ಆತಂಕ’ಕ್ಕೆ ಅಗ್ರಪೀಠ. ವಿಶ್ವ ಮಾನಸಿಕ ಆರೋಗ್ಯ ದಿನದ ಲೇಖನವಿರಲಿ, ಆಸ್ಪತ್ರೆ ಗೋಡೆಯ ಭಿತ್ತಿಪತ್ರವಿರಲಿ, ರೇಡಿಯೋದಲ್ಲಿ ವೈದ್ಯರ ಸಂದರ್ಶನವಿರಲಿ, ‘ಖಿನ್ನತೆ ಮತ್ತು ಆತಂಕ’ ಎಂಬ ಜೋಡಿಪದ ತಪ್ಪಿದ್ದಲ್ಲ. ಖಿನ್ನತೆಯ ವಿಚಾರ ಬೇರೆ. ಅದೂ ಪುಸ್ತಕದಿಂದ ಇಳಿದು ಬಂದದ್ದೇ, ಆದರೆ ಅದರ ಬೆನ್ನಿಗೆ ಬೇರೆ ಅರ್ಥಗಳು ಬಿದ್ದಿಲ್ಲ. ‘ಆತಂಕ’ ಹಾಗಲ್ಲ. ಕಾಯಿಲೆಯೊಂದರ ಹೆಸರಾಗಿ ಅದಕ್ಕೆ ಸಿಕ್ಕಿರುವ ಮರ್ಯಾದೆ ಅದು ಮಾಡುವ ಕೆಲಸಕ್ಕಿಂತ ಬಹಳ ದೊಡ್ಡದು. ಬೆಂಗಳೂರಿನಲ್ಲಿ ಕೂತವರಿಗೆ ಇದು ಕಾಣುವುದಿಲ್ಲ. ಆಂಧ್ರದ ಗಡಿಯ ರಾಯದುರ್ಗ, ಮಡಕಶಿರಾಗಳ ಕಡೆಯಿಂದ ನೋಡಿದರೆ ಎದ್ದು ಕಾಣುತ್ತದೆ.

ಆ ಸೀಮೆಯ ಚರಿತ್ರೆಯನ್ನು ಮತ್ತೆ ಉದ್ದಕ್ಕೆ ಹೇಳಬೇಕಿಲ್ಲ. 1953ರಲ್ಲಿ ಆಂಧ್ರ ರಾಜ್ಯ ಆದಾಗ ಬಳ್ಳಾರಿ ಜಿಲ್ಲೆಯ ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಚೆ ಹೋದವು. ಮಡಕಶಿರಾ ಆ ಹೊತ್ತಿಗಾಗಲೇ ಅನಂತಪುರದ್ದು, 2022ರಿಂದ ಶ್ರೀ ಸತ್ಯಸಾಯಿ ಜಿಲ್ಲೆಯದ್ದು. ಡಿ. ಹಿರೇಹಾಳಿನ ಕಡೆಯಾಗಲಿ, ಅಮರಾಪುರ, ರೊಳ್ಳ, ಅಗಳಿಗಳ ಕಡೆಯಾಗಲಿ ಮನೆಯ ಮಾತು ಕನ್ನಡ, ಕಚೇರಿಯ ಕಾಗದ ತೆಲುಗು, ಪೇಟೆಯಲ್ಲಿ ಉರ್ದುವೂ ಉಂಟು. ಕಾಯಿಲೆ ಬಿದ್ದರೆ ರಾಯದುರ್ಗದವರು ಅನಂತಪುರಕ್ಕೂ ಹೋಗುತ್ತಾರೆ, ಬಳ್ಳಾರಿಗೂ ಹೋಗುತ್ತಾರೆ. ಮಡಕಶಿರಾದವರಿಗೆ ಹಿಂದೂಪುರ, ತುಮಕೂರು, ಕೊನೆಗೆ ಬೆಂಗಳೂರಿನ ನಿಮ್ಹಾನ್ಸ್. ಹೀಗೆ ಒಬ್ಬನೇ ರೋಗಿ ಒಂದೇ ಕಾಯಿಲೆಗೆ ಎರಡು ಭಾಷೆಯ ಕರಪತ್ರ ಓದುವ ಊರುಗಳಿವು.

ಎರಡೂ ಕರಪತ್ರಗಳು ಅವನಿಗೆ ಏನು ಹೇಳುತ್ತವೆ? ತೆಲುಗಿನದು ‘ಆಂದೋಳನ’ ಎನ್ನುತ್ತದೆ. ಕನ್ನಡದ ಕಿವಿಗೆ ಅದು ಚಳವಳಿ. ತೆಲುಗಿನಲ್ಲೇ ಅದಕ್ಕೆ ಎರಡು ಮುಖ: ‘ರೈತುಲ ಆಂದೋಳನ’ ಎಂಬ ತಲೆಬರಹ ನೋಡಿದವನು ರೈತರು ಧರಣಿ ಕೂತಿದ್ದಾರೋ ಕಳವಳದಲ್ಲಿದ್ದಾರೋ ತಿಳಿಯಲು ಸುದ್ದಿಯ ಒಳಗೆ ಇಳಿಯಬೇಕು. ಕನ್ನಡದ ಕರಪತ್ರ ‘ಆತಂಕ’ ಎನ್ನುತ್ತದೆ. ಅದರ ಒಡಹುಟ್ಟಿದಂತೆ ಕೇಳುವ ‘ಆಟಂಕಂ’ ತೆಲುಗಿನಲ್ಲಿ ಅಡಚಣೆ. ಮಳೆಗಾಲದಲ್ಲಿ ಹಳ್ಳ ಉಕ್ಕಿ ರಸ್ತೆ ಮುಚ್ಚಿದರೆ ‘ರಾಕಪೋಕಲಕು ಆಟಂಕಂ’ ಎಂದು ಅಚ್ಚಾಗುತ್ತದೆ. ಕನ್ನಡದಲ್ಲೂ ಅಡಚಣೆಯ ಅರ್ಥ ಸತ್ತಿಲ್ಲ. ‘ಯಾವ ಅಡ್ಡಿ ಆತಂಕವೂ ಇಲ್ಲದೆ ಮದುವೆ ಮುಗಿಯಿತು’ ಎಂಬ ಮಾತನ್ನು ಕೇಳದ ಕನ್ನಡಿಗ ಯಾರು? ಹಿಂದಿಗೆ ಹೋದರಂತೂ ಇದೇ ಪದ ಬಾಂಬು ಬಂದೂಕಿನ ಜೊತೆ ಓಡಾಡುತ್ತದೆ.

ಸಂಸ್ಕೃತದ ಆಸರೆ ಕೊಡುವವರಿದ್ದಾರೆ. ಅಮರಕೋಶ ಆತಂಕಕ್ಕೆ ರೋಗ, ತಾಪ, ಶಂಕೆ ಎಂಬ ಅರ್ಥಗಳನ್ನು ಕೊಡುತ್ತದೆ, ಹಾಗಾಗಿ ಮನಸ್ಸಿನ ಶಂಕೆಗೂ ದೇಹದ ತಾಪಕ್ಕೂ ಒಂದೇ ಪದ ಒದಗಿತು ಎಂಬುದು ಅವರ ಸಂಭ್ರಮ. ಚರಕನ ನಿದಾನಸ್ಥಾನ ತೆರೆದರೆ ಸಂಭ್ರಮ ಇಳಿಯುತ್ತದೆ. ಅಲ್ಲಿ ವ್ಯಾಧಿ, ಆಮಯ, ಗದ, ಜ್ವರ, ವಿಕಾರಗಳ ಸಾಲಿನಲ್ಲಿ ಆತಂಕವೂ ರೋಗ ಎಂಬುದರ ಪರ್ಯಾಯಪದ, ಅಷ್ಟೇ. ಮಾಧವನಿದಾನಕ್ಕೆ ವಾಚಸ್ಪತಿ ಬರೆದ ವ್ಯಾಖ್ಯಾನದ ಹೆಸರು ‘ಆತಂಕದರ್ಪಣ’. ಅದು ಅಂಜುಬುರುಕರ ಕನ್ನಡಿಯಲ್ಲ, ಎಲ್ಲ ರೋಗಗಳ ಕನ್ನಡಿ. ಆ ಲೆಕ್ಕದಲ್ಲಿ ನಮ್ಮ ‘ಆತಂಕದ ಕಾಯಿಲೆ’ ಎಂದರೆ ಕಾಯಿಲೆಯ ಕಾಯಿಲೆ.

ಅರ್ಥ ಹಲವು ಇರುವುದೇ ದೋಷವಲ್ಲ, ಬಳಕೆ ಪದವನ್ನು ತಿದ್ದಿಕೊಳ್ಳುತ್ತದೆ ಎಂದು ಒಪ್ಪೋಣ. ಹಾಗಾದರೆ ಬಳಕೆಯನ್ನೇ ನೋಡಬೇಕು. ಇವತ್ತಿನ ಕನ್ನಡದಲ್ಲಿ ಆತಂಕ ಯಾರಿಗೆ ಆಗುತ್ತದೆ? ಚಿರತೆ ಕಾಣಿಸಿಕೊಂಡರೆ ಗ್ರಾಮಸ್ಥರಿಗೆ, ಮಳೆ ಕೈಕೊಟ್ಟರೆ ಬೆಳೆಗಾರರಿಗೆ, ಷೇರು ಬಿದ್ದರೆ ಹೂಡಿಕೆದಾರರಿಗೆ. ಅದು ಗುಂಪಿಗೆ ಬರುವಂಥದ್ದು, ಹೊರಗಿನ ಕಾರಣವಿರುವಂಥದ್ದು. ಒಬ್ಬೊಬ್ಬರಿಗೇ ಬಂದಾಗ ಅದನ್ನು ‘ವ್ಯಕ್ತಪಡಿಸುವುದು’ ವಾಡಿಕೆ. ಮಂತ್ರಿಗಳು ವ್ಯಕ್ತಪಡಿಸುತ್ತಾರೆ, ಕುಲಪತಿಗಳು ವ್ಯಕ್ತಪಡಿಸುತ್ತಾರೆ. ಕಾಯಿಲೆಯಾದದ್ದು ಇದಕ್ಕೆ ತದ್ವಿರುದ್ಧ. ಅದು ಒಂಟಿಯಾಗಿ ಬರುತ್ತದೆ, ಚಿರತೆಯಿಲ್ಲದೆಯೂ ಬರುತ್ತದೆ, ಬಂದವನಿಗೆ ಅದನ್ನು ವ್ಯಕ್ತಪಡಿಸುವುದೇ ಕಷ್ಟ. ‘ರಾತ್ರಿ ಮೂರು ಗಂಟೆಗೆ ನನಗೆ ಆತಂಕವಾಯಿತು’ ಎಂದು ಮಡಕಶಿರಾದಲ್ಲಾಗಲಿ ಮೈಸೂರಿನಲ್ಲಾಗಲಿ ಯಾರೂ ಹೆಂಡತಿಯನ್ನು ಎಬ್ಬಿಸುವುದಿಲ್ಲ.

ಈ ತೊಡಕು ಬರಿಯ ಸಾಹಿತ್ಯದ್ದಾಗಿದ್ದರೆ ಬಿಟ್ಟುಬಿಡಬಹುದಿತ್ತು. ಅದು ಅಂಕಿಗೂ ತಟ್ಟುತ್ತದೆ. ಜಗತ್ತಿನ ಅನೇಕ ಆಸ್ಪತ್ರೆಗಳಲ್ಲಿ ಈ ಕಾಯಿಲೆಯನ್ನು ಅಳೆಯಲು ಬಳಸುವ ಜಿಎಡಿ-7 ಎಂಬ ಪ್ರಶ್ನಾವಳಿ 2006ರಲ್ಲಿ ಪ್ರಕಟವಾಯಿತು. ರಾಬರ್ಟ್ ಸ್ಪಿಟ್ಜರ್ ಮತ್ತು ಸಂಗಡಿಗರ ಕೆಲಸ. ಏಳು ಪ್ರಶ್ನೆ, ಕಳೆದ ಎರಡು ವಾರಗಳಲ್ಲಿ ಇದು ಎಷ್ಟು ಸಲ ಕಾಡಿತು ಎಂಬುದಕ್ಕೆ ಸೊನ್ನೆಯಿಂದ ಮೂರರವರೆಗೆ ಅಂಕ, ಒಟ್ಟು 21. ಹತ್ತು ಮುಟ್ಟಿದರೆ ಮುಂದಿನ ತಪಾಸಣೆ ಬೇಕು ಎಂಬುದು ಸಾಮಾನ್ಯ ಕಟ್ಟಳೆ. ಇದರ ಆರು ಪ್ರಶ್ನೆಗಳು ಕನ್ನಡಕ್ಕೆ ಸಲೀಸಾಗಿ ಬರುತ್ತವೆ. ಯೋಚನೆ ನಿಲ್ಲಿಸಲಾಗದೆ ಹೋಗುವುದು, ಒಂದಲ್ಲ ಒಂದಕ್ಕೆ ತಲೆ ಕೆಡಿಸಿಕೊಳ್ಳುವುದು, ಮೈಮನ ಸಡಿಲವಾಗದಿರುವುದು, ಕೂತಲ್ಲಿ ಕೂರಲಾರದಿರುವುದು, ಸಣ್ಣದಕ್ಕೂ ಸಿಡಿಮಿಡಿ, ಏನೋ ಕೆಟ್ಟದ್ದು ಆಗಿಬಿಡುತ್ತದೆ ಎಂಬ ಭಯ: ಇವಕ್ಕೆ ಅರ್ಥ ಹೇಳಿಕೊಡಬೇಕಾದ ಅಜ್ಜಿ ಗಡಿಯ ಈಚೆಗೂ ಇಲ್ಲ, ಆಚೆಗೂ ಇಲ್ಲ. ಮುಗ್ಗರಿಸುವುದು ಮೊದಲನೆಯ ಪ್ರಶ್ನೆ. ಅದು ಇಂಗ್ಲಿಷಿನಲ್ಲಿ ಹತ್ತಿರದ ಮೂರು ಮಾತುಗಳನ್ನು ಒಟ್ಟಿಗೆ ಹೇಳಿ, ಅವುಗಳಲ್ಲಿ ಯಾವುದಾದರೂ ಆಯಿತೇ ಎಂದು ಕೇಳುತ್ತದೆ. ಒಂದು ಮಾತು ತಟ್ಟದಿದ್ದರೂ ಇನ್ನೊಂದು ತಟ್ಟಲಿ ಎಂಬ ಜಾಣತನ ಅದರಲ್ಲಿದೆ. ಕನ್ನಡದಲ್ಲಿ ಕೇಳುವವರು ಆ ಮೂರನ್ನೂ ‘ಆತಂಕ’ದೊಳಗೆ ತುರುಕಿ ‘ನೀವು ಆತಂಕಗೊಂಡಿದ್ದಿರಾ?’ ಎಂದರೆ ಕೆಲಸ ಕೆಟ್ಟಿತು. ರಾಯದುರ್ಗದ ಜೀನ್ಸ್ ಹೊಲಿಗೆಯ ಹೆಂಗಸೊಬ್ಬಳು ‘ಅಂಥಾದ್ದೇನೂ ಅಡ್ಡಿ ಬಂದಿಲ್ಲ’ ಎಂದು ಉತ್ತರಿಸಿದರೆ ತಪ್ಪು ಅವಳದಲ್ಲ.

ಲೆಕ್ಕ ಹಾಕಿ ನೋಡಿ. ನಿಜಕ್ಕೂ ಹನ್ನೆರಡು ಬರಬೇಕಾದವಳಿಗೆ ಮೊದಲ ಪ್ರಶ್ನೆಯಲ್ಲಿ ಮೂರರ ಬದಲು ಸೊನ್ನೆ ಬಿದ್ದರೆ ಒಟ್ಟು ಒಂಬತ್ತು; ಗೆರೆಯ ಕೆಳಗೆ ಉಳಿದು ಮನೆಗೆ ಹೋಗುತ್ತಾಳೆ. ಪುರುಸೊತ್ತಿಲ್ಲದ ಕಡೆ ಮೊದಲೆರಡೇ ಪ್ರಶ್ನೆ ಕೇಳುವ ಪದ್ಧತಿಯೂ ಇದೆ, ಆಗ ಆರಕ್ಕೆ ಮೂರು ಬಂದರೆ ಎಚ್ಚರ. ಅಲ್ಲಿ ಒಂದು ಪದ ಎಡವಿದರೆ ಅರ್ಧ ಪರೀಕ್ಷೆಯೇ ಹೋದಂತೆ.

ಇನ್ನೊಂದು ಸಂಗತಿ ವಿಮರ್ಶಕರ ಕಣ್ಣಿಗೆ ಬೀಳಬೇಕಿತ್ತು. ಈ ಏಳು ಪ್ರಶ್ನೆಗಳಲ್ಲಿ ಎದೆಬಡಿತದ ಮಾತಿಲ್ಲ, ಬೆವರಿನ ಮಾತಿಲ್ಲ, ಉಸಿರು ಕಟ್ಟುವ ಮಾತಿಲ್ಲ. 1959ರ ಹ್ಯಾಮಿಲ್ಟನ್ ಅಳತೆಗೋಲಿನ ಹದಿನಾಲ್ಕು ಅಂಶಗಳಲ್ಲಿ ಹೃದಯ, ಉಸಿರು, ಹೊಟ್ಟೆ ಎಲ್ಲಕ್ಕೂ ಜಾಗವಿತ್ತು. ನಮ್ಮ ಜನ ಈ ಕಾಯಿಲೆಯನ್ನು ಹೇಳಲು ಶುರು ಮಾಡುವುದೇ ಅಲ್ಲಿಂದ. ರಾಯದುರ್ಗದ ಕಡೆ ‘ಎದಿ ಡವಡವ ಅಂತೈತಿ’, ಮಡಕಶಿರಾದ ಕಡೆ ‘ಎದೆ ಹೊಡ್ಕಂತೈತೆ’, ತೆಲುಗಿನಲ್ಲಿ ‘ಗುಂಡೆ ದಡ’. ಮೊದಲು ಹೃದಯದ ಡಾಕ್ಟರು, ಇಸಿಜಿ, ‘ಏನೂ ಇಲ್ಲ, ಗ್ಯಾಸ್’ ಎಂಬ ಸಮಾಧಾನ, ಆಮೇಲೆ ನರದ ಟಾನಿಕ್ಕು.

ಇಲ್ಲಿ ಒಂದು ಜಗಳ ಆಡಲೇಬೇಕು. ಹಳ್ಳಿಯವರಿಗೆ ಮನಸ್ಸಿನ ಭಾಷೆ ಇಲ್ಲ, ಅದಕ್ಕೇ ಅವರು ಮನಸ್ಸಿನ ನೋವನ್ನು ಮೈಮೇಲೆ ಹಾಕಿಕೊಂಡು ಹೇಳುತ್ತಾರೆ ಎಂಬ ವಾದ ದಶಕಗಳಿಂದ ಚಾಲ್ತಿಯಲ್ಲಿದೆ. ಕನ್ನಡದಲ್ಲೂ ಅದನ್ನು ಕಣ್ಣುಮುಚ್ಚಿ ಒಪ್ಪಿದವರಿದ್ದಾರೆ. ‘ಆತಂಕ’ದಂಥ ಪದಗಳನ್ನು ಕಲಿಸುವುದೇ ಜನಜಾಗೃತಿ ಎಂದು ಅವರು ನಂಬಿದ್ದಾರೆ. ಇದು ಸೊಕ್ಕಿನ ಮಾತು. ಇಂಗ್ಲಿಷಿನ ‘ಆಂಗ್ಸೈಟಿ’ ಎಂಬ ಹೆಸರನ್ನೇ ಅಗೆದು ನೋಡಿದರೆ ಲ್ಯಾಟಿನಿನಲ್ಲಿ ಕತ್ತು ಹಿಸುಕುವುದು, ಬಿಗಿಯುವುದು ಎಂಬ ಬೇರು ಸಿಗುತ್ತದೆ. ಜರ್ಮನ್ನಿನ ‘ಆಂಗ್ಸ್ಟ್’ ಕೂಡ ಅದೇ ಕುಲದ್ದು. 1895ರಲ್ಲಿ ಫ್ರಾಯ್ಡ್ ಈ ಬೇನೆಯನ್ನು ನರದೌರ್ಬಲ್ಯದಿಂದ ಬೇರ್ಪಡಿಸಿ ಬರೆದಾಗ ಆರಿಸಿಕೊಂಡದ್ದು ಜರ್ಮನ್ ಮನೆಮಾತಿನ ಆ ಪದವನ್ನೇ. ವಿಯೆನ್ನಾದ ವೈದ್ಯ ಹೇಳಿದರೆ ಮನಶ್ಶಾಸ್ತ್ರ, ಅಮರಾಪುರದ ಮುದುಕಿ ಉಸಿರು ಕಟ್ಟಿದಂಗೆ ಆಗುತ್ತೆ ಎಂದರೆ ಭಾಷೆಯ ಬಡತನ ಎನ್ನುವುದು ಯಾವ ನ್ಯಾಯ?

ಅಚ್ಚಗನ್ನಡದ ಪಕ್ಷಪಾತಿಗಳದು ಇನ್ನೊಂದು ತಕರಾರು. ಸಂಸ್ಕೃತ ಬೇಡ, ‘ಕಳವಳ’ ಇದೆಯಲ್ಲ ಎನ್ನುತ್ತಾರೆ. ಪದ ಚೆಂದವೇ, ತೆಲುಗಿನ ‘ಕಲವರಂ’ ಅದಕ್ಕೆ ನೆಂಟ. ಆದರೆ ಅದೂ ಸುದ್ದಿಮನೆಯ ಪಾಲಾಗಿ, ನ್ಯಾಯಾಲಯಗಳು ‘ಕಳವಳ ವ್ಯಕ್ತಪಡಿಸುವ’ ಮಟ್ಟಕ್ಕೆ ಬಂದಿದೆ. ‘ಟೆನ್ಷನ್’ ಸಾಕು ಎನ್ನುವವರಿಗೂ ಇದೇ ಉತ್ತರ: ಸಾಲಕ್ಕೂ ಟೆನ್ಷನ್, ಪರೀಕ್ಷೆಗೂ ಟೆನ್ಷನ್, ಬಸ್ಸು ತಪ್ಪಿದರೂ ಟೆನ್ಷನ್, ಅದರಲ್ಲಿ ಕಾಯಿಲೆಯ ಗುರುತು ಹಿಡಿಯುವುದು ಹೇಗೆ?

ಗುರುತು ಹಿಡಿಯುವ ಪದಗಳು ಆ ಗಡಿಯಲ್ಲೇ ಇವೆ. ಒಂದು, ಗಾಬರಿ. ತೆಲುಗಿನ ‘ಗಾಬರಾ’, ಉರ್ದುವಿನ ‘ಘಬರಾಹಟ್’ ಎರಡೂ ಅದರ ಬಂಧುಗಳು. ರಾಯದುರ್ಗದ ಪೇಟೆಯ ಮೂರು ಭಾಷೆಯವರಿಗೂ ಅನುವಾದಕನಿಲ್ಲದೆ ತಲುಪುತ್ತದೆ. ಅದು ದಿಢೀರನೆ ಬರುತ್ತದೆ, ಬಂದು ಹೋಗುತ್ತದೆ. ಇನ್ನೊಂದು, ದಿಗಿಲು. ಕನ್ನಡದಲ್ಲಿ ಅದು ಥಟ್ಟನೆ ಬೀಳುವ ಹೆದರಿಕೆ, ತೆಲುಗಿನ ‘ದಿಗುಲು’ ಮನಸ್ಸಿನಲ್ಲಿ ಕೂತುಬಿಡುವ ಚಿಂತೆ. ಎರಡೂ ಭಾಷೆ ಆಡುವ ಮನೆಯಲ್ಲಿ ಈ ಎರಡು ಛಾಯೆಗಳು ಒಂದರೊಳಗೊಂದು ಬೆರೆಯುತ್ತವೆ. ಹೆದರಿಕೆ ಮತ್ತು ಬಿಡದ ಯೋಚನೆ ಎರಡೂ ಒಂದೇ ಪದದಲ್ಲಿ ಸಿಗುತ್ತವೆ. ಈಗ 1980ನ್ನು ನೆನಪಿಸಿಕೊಳ್ಳಬೇಕು. ಅಮೆರಿಕದ ಮನೋವೈದ್ಯ ಸಂಘದ ಡಿಎಸ್‌ಎಂ ಕೈಪಿಡಿಯ ಮೂರನೆಯ ಆವೃತ್ತಿ ಹಳೆಯ ಒಂದು ಕಾಯಿಲೆಯನ್ನು ಎರಡಾಗಿ ಒಡೆಯಿತು: ಇದ್ದಕ್ಕಿದ್ದಂತೆ ಅಪ್ಪಳಿಸುವ ಪ್ಯಾನಿಕ್ ಒಂದು, ತಿಂಗಳುಗಟ್ಟಲೆ ಬಿಡದೆ ಕಾಡುವ ಸಾಮಾನ್ಯ ರೂಪ ಇನ್ನೊಂದು. ಗಾಬರಿ ಮತ್ತು ದಿಗಿಲಿನ ನಡುವೆ ಗಡಿಯ ಜನ ಇಟ್ಟುಕೊಂಡಿರುವ ಅಂತರ ಹೆಚ್ಚುಕಡಿಮೆ ಅದೇ. ವೈದ್ಯಶಾಸ್ತ್ರ ಕಷ್ಟಪಟ್ಟು ಬೇರ್ಪಡಿಸಿದ್ದನ್ನು ನಮ್ಮ ‘ಆತಂಕ’ ಮತ್ತೆ ಕಲಸಿ ಒಂದು ಮಾಡುತ್ತದೆ. ಈ ಪದದ ಮೇಲಿನ ಎಲ್ಲಕ್ಕಿಂತ ಭಾರವಾದ ಆಪಾದನೆ ಇದು.

ದಿಗಿಲಿಗೆ ಮಿತಿ ಇಲ್ಲವೆಂದಲ್ಲ. ತೆಲುಗಿನ ಕಡೆ ಅದು ದುಃಖಕ್ಕೂ ವಾಲುತ್ತದೆ, ಖಿನ್ನತೆಯ ಜೊತೆ ಗೊಂದಲವಾಗಬಹುದು. ಎರಡು ಕಾಯಿಲೆಗಳೂ ಒಬ್ಬರಲ್ಲೇ ಕಾಣಿಸಿಕೊಳ್ಳುವುದು ಅಪರೂಪವಲ್ಲವಾದ್ದರಿಂದ ಇದೇನೂ ದೊಡ್ಡ ನಷ್ಟವಲ್ಲ. ‘ಆತಂಕ’ಕ್ಕೂ ಒಂದು ಗುಣವಿದೆ: ಅದರಲ್ಲಿ ಹೇಡಿತನದ ವಾಸನೆಯಿಲ್ಲ. ಅಂಜುಬುರುಕ, ಪುಕ್ಕಲ ಎನಿಸಿಕೊಳ್ಳಲು ನಾಚುವ ಗಂಡಸರಿಗೆ ಅದು ಮರ್ಯಾದೆಯ ಮರೆ ಒದಗಿಸುತ್ತದೆ. ವೈದ್ಯರ ಚೀಟಿಯಲ್ಲಿ ಇರಲಿ.

ಜನರ ಮಾತನ್ನು ಹಿಡಿದರೆ ವಿಜ್ಞಾನ ಕೆಡುತ್ತದೆ ಎಂಬ ಅಂಜಿಕೆಗೆ ಜಿಂಬಾಬ್ವೆ ಉತ್ತರ ಕೊಟ್ಟಿದೆ. ಅಲ್ಲಿನ ಶೋನಾ ಭಾಷೆಯಲ್ಲಿ ಅತಿಯಾಗಿ ಯೋಚಿಸುವುದಕ್ಕೆ ‘ಕುಫುಂಗಿಸಿಸಾ’ ಎನ್ನುತ್ತಾರೆ. 1990ರ ದಶಕದಲ್ಲಿ ವಿಕ್ರಮ್ ಪಟೇಲ್ ಹರಾರೆಯಲ್ಲಿ ಸಂಗಡಿಗರೊಡನೆ ಶೋನಾ ಜನರ ಮಾತುಗಳಿಂದಲೇ ಪ್ರಶ್ನಾವಳಿ ಕಟ್ಟಿದರು. ಮನೋವೈದ್ಯ ಡಿಕ್ಸನ್ ಚಿಬಾಂಡಾ 2006ರಲ್ಲಿ ಆರಂಭಿಸಿದ ‘ಫ್ರೆಂಡ್‌ಶಿಪ್ ಬೆಂಚ್’ನಲ್ಲಿ ಅಜ್ಜಿಯರು ಬೆಂಚಿನ ಮೇಲೆ ಕೂತು ಆ ಪದ ಹಿಡಿದೇ ಮಾತಾಡಿಸುತ್ತಾರೆ. 2013ರ ಡಿಎಸ್‌ಎಂ-5 ತನ್ನ ಅನುಬಂಧದಲ್ಲಿ ಆ ಪದಕ್ಕೆ ಜಾಗ ಕೊಟ್ಟಿತು. ದಕ್ಷಿಣ ಏಷ್ಯಾದಿಂದ ಆ ಪಟ್ಟಿಗೆ ಸೇರಿದ್ದು ಧಾತು ನಷ್ಟದ ಹೆದರಿಕೆ ಮಾತ್ರ. ದಿಗಿಲನ್ನು ಅಲ್ಲಿಗೆ ಒಯ್ಯುವವರು ಯಾರೂ ಇರಲಿಲ್ಲ.

ಇರಬಹುದಿತ್ತು. 1985ರಿಂದ ನಿಮ್ಹಾನ್ಸ್ ಬಳ್ಳಾರಿ ಜಿಲ್ಲೆಯಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರಗಳ ವೈದ್ಯರಿಗೂ ಕಾರ್ಯಕರ್ತರಿಗೂ ತರಬೇತಿ ಕೊಟ್ಟು ಮಾನಸಿಕ ಚಿಕಿತ್ಸೆಯನ್ನು ಹಳ್ಳಿಗೆ ಒಯ್ದಿತು. ‘ಬಳ್ಳಾರಿ ಮಾದರಿ’ಯೇ 1996ರಲ್ಲಿ ಆರಂಭವಾದ ರಾಷ್ಟ್ರೀಯ ಜಿಲ್ಲಾ ಕಾರ್ಯಕ್ರಮಕ್ಕೆ ಮೇಲ್ಪಂಕ್ತಿ. 1953ರವರೆಗೆ ಅದೇ ಜಿಲ್ಲೆಯಲ್ಲಿದ್ದ ರಾಯದುರ್ಗ ಆ ಹೊತ್ತಿಗೆ ಗೆರೆಯ ಆಚೆ ಇತ್ತು. ಕನ್ನಡದ ಬರಹಗಾರರ ಸಾಲೂ ಬಡವಲ್ಲ. ‘ರಾಶಿ’ ಎಂಬ ಹೆಸರಿನಲ್ಲಿ ನಗಿಸುತ್ತಿದ್ದ ಡಾ. ಎಂ. ಶಿವರಾಂ ಅವರ ‘ಮನಮಂಥನ’ 1976ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆಯಿತು. ಮನೋವೈದ್ಯಕೀಯದ ಪುಸ್ತಕವೊಂದಕ್ಕೆ ಸಾಹಿತ್ಯದ ಗೌರವ ಸಂದದ್ದು ಸಣ್ಣ ಮಾತಲ್ಲ. ‘ಕೊರವಂಜಿ’ ಹಾಸ್ಯಪತ್ರಿಕೆಯ ಈ ಸಂಪಾದಕನ ಕಿವಿ ಆಡುಮಾತಿಗೆ ತೆರೆದಿತ್ತು. ನಂತರ ಬಂದ ಕರಪತ್ರದ ಕನ್ನಡ ಆ ಕಿವಿಯನ್ನು ಕಳೆದುಕೊಂಡಿತು, ವಿಮರ್ಶಕರು ಅದನ್ನು ಗಮನಿಸಲೂ ಇಲ್ಲ.

2022ರಲ್ಲಿ ಶುರುವಾದ ಟೆಲಿ ಮಾನಸ್ ಸಹಾಯವಾಣಿಯ 14416ಕ್ಕೆ ಕರೆ ಮಾಡಿದರೆ ಕನ್ನಡದಲ್ಲೂ ತೆಲುಗಿನಲ್ಲೂ ಮಾತಾಡಬಹುದು. ಅದರ ಮುಂದಿನ ಭಿತ್ತಿಪತ್ರ ರಾಯದುರ್ಗದ ಬಸ್‌ ನಿಲ್ದಾಣಕ್ಕೂ ಮಡಕಶಿರಾದ ಆಸ್ಪತ್ರೆಗೂ ಹೋಗುವ ಮುನ್ನ ಅಚ್ಚು ಹಾಕಿಸುವವರು ಒಂದು ಕೆಲಸ ಮಾಡಲಿ: ಮೇಲಿನ ಸಾಲಿನಲ್ಲಿ ಗಾಬರಿ, ದಿಗಿಲು, ಎದೆ ಹೊಡೆದುಕೊಳ್ಳುವುದು ಎಂದು ದಪ್ಪಕ್ಷರದಲ್ಲಿ ಬರೆಸಿ, ‘ಆತಂಕ’ವನ್ನು ಕೆಳಗೆ ಸಣ್ಣಕ್ಷರಕ್ಕೆ ಇಳಿಸಲಿ.