ತಾಳಮದ್ದಳೆಗೆ ಹೊಸಬರೇ? ಮೊದಲು ಪದ್ಯ ಕೇಳಿ

ತಾಳಮದ್ದಳೆಗೆ ಮೊದಲ ಸಲ ಹೋದವರು ಮಾತಿಗೆ ಬೆರಗಾಗಿ ಬರುತ್ತಾರೆ. ವಾಲಿ ಹೀಗೆ ಕೇಳಿದ, ರಾಮ ಹಾಗೆ ಉತ್ತರ ಕೊಟ್ಟ ಎಂದು ಮರುದಿನ ಸಿಕ್ಕಿದವರಿಗೆಲ್ಲ ಒಪ್ಪಿಸುತ್ತಾರೆ. ಭಾಗವತರು ಹಾಡಿದ ಪದ್ಯ ಯಾವುದು ಎಂದರೆ ನೆನಪಿಲ್ಲ! ಅರ್ಧ ಕೂಟ ಅಲ್ಲೇ ಕೈತಪ್ಪಿತು.

ಕಾಸರಗೋಡಿನಿಂದ ಉತ್ತರ ಕನ್ನಡದವರೆಗೆ, ಘಟ್ಟದ ಮೇಲೆ ಶಿವಮೊಗ್ಗದ ಕಡೆಗೂ ಇದರ ನೆಲೆ. ಮೇ ಕೊನೆಯ ವಾರದ ಪತ್ತನಾಜೆಗೆ ತೆಂಕಿನ ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ; ಆಮೇಲಿನ ಮಳೆಗಾಲ ತಾಳಮದ್ದಳೆಯದು. ದೇವಸ್ಥಾನದ ಚಾವಡಿಯಲ್ಲೋ ಸಭಾಭವನದಲ್ಲೋ ಭಾಗವತರು, ಮದ್ದಳೆ, ಚೆಂಡೆ ಒಂದು ಕಡೆ. ಪಾತ್ರಗಳಾಗಿ ಮಾತಾಡುವ, ಪಂಚೆ ಶಾಲಿನ ಅರ್ಥಧಾರಿಗಳು ಎದುರುಬದುರು. ಯಕ್ಷಗಾನದ್ದೇ ಪ್ರಸಂಗ, ಅದೇ ಹಾಡು. ವೇಷವನ್ನೂ ಕುಣಿತವನ್ನೂ ಮಾತ್ರ ಕೇಳುವವರೇ ಕಟ್ಟಿಕೊಳ್ಳಬೇಕು.

ಪದ್ಯ ಬರೆದಿಟ್ಟದ್ದು; ಅರ್ಥ, ಅಂದರೆ ಅರ್ಥಧಾರಿಯ ಮಾತು, ಆಗಲೇ ಹುಟ್ಟುವಂಥದ್ದು. ಈ ವ್ಯತ್ಯಾಸ ಮನಸ್ಸಿನಲ್ಲಿದ್ದರೆ ಉಳಿದದ್ದೆಲ್ಲ ಸಲೀಸು. ಪ್ರಸಂಗಕರ್ತ ನಾಲ್ಕಾರು ಸಾಲಿನಲ್ಲಿ ಹೇಳಿ ಮುಗಿಸಿದ್ದನ್ನು ಅರ್ಥಧಾರಿ ಅರ್ಧ ಗಂಟೆ ಬೆಳೆಸಬಹುದು. ಅವನ ಕೈಯಲ್ಲಿ ಚೀಟಿಯಿಲ್ಲ, ಎದುರಿನವ ಏನು ಕೇಳಿಯಾನೆಂಬುದೂ ಗೊತ್ತಿಲ್ಲ. ಆದರೆ ಎಲ್ಲಿಗೆ ಹೋದರೂ ಮುಂದಿನ ಪದ್ಯದ ಬಾಗಿಲಿಗೆ ಬಂದು ನಿಲ್ಲಲೇಬೇಕು. ಆದ್ದರಿಂದ ಪದ್ಯದ ಸಾಹಿತ್ಯವನ್ನು ಕಿವಿಗೊಟ್ಟು ಹಿಡಿದುಕೊಳ್ಳಿ. ಅದರ ಯಾವ ಪದವನ್ನು ಅರ್ಥಧಾರಿ ಎತ್ತಿಕೊಂಡ, ಯಾವುದನ್ನು ಬಿಟ್ಟ, ಯಾವುದಕ್ಕೆ ಯಾರೂ ಎಣಿಸದ ತಿರುವು ಕೊಟ್ಟ ಎಂಬುದು ಆಗ ತಾನಾಗಿ ಕಾಣುತ್ತದೆ. ಮನೆಯಲ್ಲೇ ಪ್ರಸಂಗ ಪುಸ್ತಕ ಓದಿಕೊಂಡು ಹೋದರಂತೂ ಇನ್ನೂ ಒಳ್ಳೆಯದು.

ಇನ್ನು ನಾದ. ನುರಿತ ಅರ್ಥಧಾರಿಯ ಮಾತು ಶ್ರುತಿ ಬಿಡುವುದಿಲ್ಲ. ಭಾಗವತರು ಪದ್ಯ ಮುಗಿಸಿದ ಸ್ವರದ ಆಸುಪಾಸಿನಲ್ಲೇ ಅವನ ಮೊದಲ ವಾಕ್ಯ ಹೊರಡುತ್ತದೆ. ಪದ್ಯ ವಿಳಂಬದಲ್ಲಿ ನೋವನ್ನು ಹರಡಿಟ್ಟಿದ್ದರೆ, ಅದರ ಬೆನ್ನಿಗೇ ಗಂಟಲು ಹರಿದು ಅಬ್ಬರಿಸುವವ ಎಷ್ಟೇ ದೊಡ್ಡ ಪಂಡಿತನಾಗಲಿ, ನನ್ನ ಲೆಕ್ಕದಲ್ಲಿ ಅರ್ಧ ಅರ್ಥಧಾರಿ. ಮಾತಿನ ಕೊನೆಗೆ ಬರುವ ಎತ್ತುಗಡೆಯನ್ನೂ ಗಮನಿಸಿ: ಮುಂದಿನ ಪದ್ಯದ ಭಾವವನ್ನು ಸೂಚಿಸುತ್ತ ಮಾತು ಮೆಲ್ಲನೆ ಸ್ವರಕ್ಕೇರುತ್ತದೆ, ಅದು ನೆಲ ಮುಟ್ಟುವ ಮೊದಲೇ ಭಾಗವತರು ಎತ್ತಿಕೊಳ್ಳುತ್ತಾರೆ. ಮಾತು ಎಲ್ಲಿ ಮುಗಿಯಿತು, ಹಾಡು ಎಲ್ಲಿ ಶುರುವಾಯಿತು ಎಂದು ನಿಮಗೆ ಹೇಳಲಾಗದಿದ್ದರೆ ಇಬ್ಬರೂ ಗೆದ್ದಂತೆ. ಮಾತು ಹಾದಿ ತಪ್ಪಿ ಎಳೆದಾಡತೊಡಗಿದರೆ ಕೇಳದೆಯೇ ಪದ್ಯ ಎತ್ತಿಬಿಡುವ ಭಾಗವತರೂ ಇದ್ದಾರೆ. ಸಭೆ ಅವರಿಗೆ ಮನಸ್ಸಿನಲ್ಲೇ ಕೈಮುಗಿಯುತ್ತದೆ.

ತಾಳ ನಿಂತಾಗಲೂ ಕಿವಿ ನಿಮಿರಲಿ. ಭಾಮಿನಿ, ವಾರ್ಧಕ ಷಟ್ಪದಿಗಳು ತಾಳದ ಕಟ್ಟಿಲ್ಲದೆ ಬರುತ್ತವೆ. ಕಥೆ ದಡಬಡನೆ ಮುಂದಕ್ಕೆ ದಾಟುವುದು ಹೆಚ್ಚಾಗಿ ಅಲ್ಲೇ. ಯುದ್ಧ ಬಂತೆಂದರೆ ಅರ್ಥಧಾರಿಗಳು ಸುಮ್ಮನಾಗುತ್ತಾರೆ. ವಾಲಿ ಸುಗ್ರೀವರು ಹೊಡೆದಾಡುವುದು ಚೆಂಡೆಯಲ್ಲಿ, ಮದ್ದಳೆಯಲ್ಲಿ. ಹೊಸಬರು ಆ ಹೊತ್ತಿಗೆ ಚಹಾಕ್ಕೆ ಏಳುತ್ತಾರೆ, ಏಳಬೇಡಿ.

ವಾಲಿವಧೆಯನ್ನೇ ತೆಗೆದುಕೊಳ್ಳಿ. ಬಾಣ ತಾಗಿ ಬಿದ್ದ ವಾಲಿ, ಮರೆಯಲ್ಲಿ ನಿಂತು ಹೊಡೆದದ್ದು ಯಾವ ಧರ್ಮ ಎಂದು ಕೇಳಬೇಕು. ರಾಮ ಉತ್ತರಿಸಬೇಕು. ಎಷ್ಟೇ ವಾದ ಮಾಡಿದರೂ ವಾಲಿ ಸಾಯಲೇಬೇಕು, ಕಥೆ ಅಲುಗುವುದಿಲ್ಲ. ಹಾಗಾಗಿ ಯಾರು ಗೆದ್ದರು ಎಂದು ಅಂಕ ಹಾಕುವುದು ದಂಡ. ಬಾಣ ನೆಟ್ಟ ಎದೆಯವನ ಮಾತಿನಲ್ಲಿ ಆ ನೋವು ಇದೆಯೇ, ಸಿಟ್ಟು ಶರಣಾಗತಿಯ ಕಡೆಗೆ ತಿರುಗುವ ಜಾಗ ಎಲ್ಲಿ, ಆ ತಿರುವಿಗೆ ಪದ್ಯ ಎಷ್ಟು ಆಸರೆ ಕೊಟ್ಟಿತು, ಇವನ್ನು ನೋಡಿ. ಶೇಣಿ ಗೋಪಾಲಕೃಷ್ಣ ಭಟ್ಟರ (1918–2006) ವಾಲಿಯನ್ನು ಕರಾವಳಿ ಇಂದಿಗೂ ನೆನೆಯುತ್ತದೆ. ಖಳರೆನಿಸಿಕೊಂಡವರ ಪಕ್ಷವನ್ನು ಅಷ್ಟು ಸಮರ್ಥವಾಗಿ ಹಿಡಿದವರು ಕಡಿಮೆ. ಅವರ ಅರ್ಥಗಾರಿಕೆಯ ಧ್ವನಿಮುದ್ರಣಗಳು ಅಂತರ್ಜಾಲದಲ್ಲಿ ಸಿಗುತ್ತವೆ. ಕೇಳುವಾಗ ಪದ್ಯದ ಭಾಗವನ್ನು ಮುಂದಕ್ಕೆ ಓಡಿಸಬೇಡಿ.

ಪಾತ್ರ ತನ್ನನ್ನು ತಾನೇ ಪರಿಚಯಿಸಿಕೊಳ್ಳುವ ಪೀಠಿಕೆ ಕೆಲವೊಮ್ಮೆ ಉದ್ದವಾಗಿ ಬೇಸರ ಹಿಡಿಸೀತು. ತಾಳಿಕೊಳ್ಳಿ, ಮುಂದಿನ ವಾದದ ಬೀಜ ಅಲ್ಲೇ ಬಿದ್ದಿರುತ್ತದೆ. ಇದು ನನ್ನ ಅನುಕೂಲದ ಸಮರ್ಥನೆ ಎಂದು ಅನ್ನುವವರಿದ್ದಾರೆ, ಕೆಲವು ಪೀಠಿಕೆಗಳ ಮಟ್ಟಿಗೆ ಅವರ ಮಾತೂ ಸರಿಯೇ.

ಮೊದಲಿಗೆ ಶರಸೇತು ಬಂಧ ಆರಿಸಿಕೊಳ್ಳಿ. ಅರ್ಜುನ, ಹನುಮಂತ, ನಡುವೆ ಬರುವ ವೃದ್ಧ ಬ್ರಾಹ್ಮಣ: ಮೂವರಲ್ಲೇ ಕಥೆ ಮುಗಿಯುತ್ತದೆ. ರಾಮ ಬಾಣಗಳಿಂದಲೇ ಸೇತುವೆ ಕಟ್ಟಲಿಲ್ಲವೇಕೆ ಎಂಬ ಒಂದು ಪ್ರಶ್ನೆಯ ಸುತ್ತಲೇ ಮಾತು ಸುತ್ತುವುದರಿಂದ ಎಳೆ ತಪ್ಪುವುದಿಲ್ಲ. ಕೃಷ್ಣಸಂಧಾನ, ಕರ್ಣಪರ್ವಗಳಿಗೆ ಆಮೇಲೆ ಹೋದರಾಯಿತು. ಸಾಧ್ಯವಾದರೆ ಒಂದೇ ಪ್ರಸಂಗವನ್ನು ಬೇರೆ ಬೇರೆ ಅರ್ಥಧಾರಿಗಳಿಂದ ಎರಡು ಸಲ ಕೇಳಿ. ಪದ್ಯ ಅದೇ, ಹನುಮಂತ ಮಾತ್ರ ಬೇರೆಯೇ ಆಗಿರುತ್ತಾನೆ.